ಅರ್ದೇಶಿರ್ ಇರಾನಿ: ಭಾರತದ ಪ್ರಥಮ ವಾಕ್ಚಿತ್ರದ ನಿರ್ಮಾಪಕ ಹಾಗೂ ಧ್ವನಿಮುದ್ರಕ

ಭಾರತೀಯ ವಾಕ್ಚಿತ್ರದ ಪಿತಾಮಹರೆಂದು ಖ್ಯಾತರಾದ ಖಾನ್ ಬಹದ್ದೂರ್ ಅರ್ದೇಶಿರ್ ಇರಾನಿ ಅವರು 1886ರ ಡಿಸೆಂಬರ್ 5ರಂದು ಪುಣೆಯಲ್ಲಿ ಪಾರ್ಸಿ ಕುಟುಂಬವೊಂದರಲ್ಲಿ ಜನಿಸಿದರು. ನಿರ್ಮಾಪಕರಾಗಿ, ನಿರ್ದೇಶಕರಾಗಿ ಅವರ ಹೆಸರು ಸರ್ವವಿದಿತ. ಆದರೆ ತಮ್ಮ ಮೊದಲ ವಾಕ್ಚಿತ್ರದ ಧ್ವನಿಮುದ್ರಣವನ್ನೂ ಅವರೇ ನಿರ್ವಹಿಸಿದರೆಂಬುದು ಅಷ್ಟಾಗಿ ಪ್ರಚಾರ ಪಡೆದಿಲ್ಲ.

ಕೆಲಕಾಲ ಶಿಕ್ಷಕರಾಗಿ, ಬಳಿಕ ಸೀಮೆಎಣ್ಣೆ ಇನ್ಸ್‌ಪೆಕ್ಟರ್ ಆಗಿ ದುಡಿದ ಅವರು ಮುಂದೆ ತಂದೆಯ ವಾದ್ಯ ಹಾಗೂ ಫೋನೋಗ್ರಾಫ್ ವ್ಯಾಪಾರಕ್ಕೆ ಸೇರಿದರು. ಧ್ವನಿಯಂತ್ರಗಳೊಡನೆ ಅವರ ಸಂಬಂಧ ಹೀಗೆ ಅಂಗಡಿಯಿಂದಲೇ ಆರಂಭವಾಯಿತು. ನಂತರ ಅಬ್ದುಲ್ಲಿ ಇಸೂಫಲ್ಲಿ ಅವರೊಡನೆ ಮುಂಬಯಿಯಲ್ಲಿ ಚಿತ್ರಮಂದಿರ ನಡೆಸಿ, 1926ರಲ್ಲಿ ಇಂಪೀರಿಯಲ್ ಫಿಲ್ಮ್ ಕಂಪೆನಿಯನ್ನು ಸ್ಥಾಪಿಸಿದರು.

ಅಮೆರಿಕದ 'ಷೋ ಬೋಟ್' ಎಂಬ ಭಾಗಶಃ ವಾಕ್ಚಿತ್ರವನ್ನು ವೀಕ್ಷಿಸಿದ ಇರಾನಿ ಅವರು ಅಂತಹುದೇ ಚಿತ್ರವನ್ನು ಇಲ್ಲಿಯೂ ತಯಾರಿಸಲು ನಿಶ್ಚಯಿಸಿದರು. ಜೋಸೆಫ್ ಡೇವಿಡ್ ಅವರ ನಾಟಕವನ್ನು ಆಧರಿಸಿ 'ಆಲಂ ಆರಾ' ಸಿದ್ಧವಾಗತೊಡಗಿತು. ತನಾರ್ ಯಂತ್ರದೊಡನೆ ಬಂದ ಅಮೆರಿಕದ ತಂತ್ರಜ್ಞ ವಿಲ್ಫರ್ಡ್ ಡೆಮಿಂಗ್ ಅವರು ದಿನವೊಂದಕ್ಕೆ 100 ರೂಪಾಯಿ ಸಂಭಾವನೆ ಕೇಳಿದರು. ನಾಲ್ಕಾಣೆಗೆ ಚಿತ್ರಮಂದಿರದ ಟಿಕೆಟ್ ದೊರೆಯುತ್ತಿದ್ದ ಆ ದಿನಗಳಲ್ಲಿ ಇದು 400 ಪ್ರೇಕ್ಷಕರಿಂದ ಬರುವ ಹಣಕ್ಕೆ ಸಮ! ಇರಾನಿ ಅವರು ಸಹೋದ್ಯೋಗಿ ರುಸ್ತುಂ ಭರೂಚಾ ಅವರೊಡನೆ ಧ್ವನಿಮುದ್ರಣದ ಮೂಲಪಾಠಗಳನ್ನು ಡೆಮಿಂಗ್ ಅವರಿಂದ ಕಲಿತು, ಉಳಿದ ಕಾರ್ಯವನ್ನು ತಾವೇ ವಹಿಸಿಕೊಂಡರು.

ಕಾರ್ಯ ಸುಲಭವಾಗಿರಲಿಲ್ಲ. ಆ ಯಂತ್ರದಲ್ಲಿ ಚಿತ್ರ ಮತ್ತು ಧ್ವನಿ ಒಂದೇ ಫಿಲ್ಮಿನ ಮೇಲೆ ಏಕಕಾಲದಲ್ಲಿ ದಾಖಲಾಗುತ್ತಿದ್ದವು. ಮಾತು ತಪ್ಪಿದರೆ ದೃಶ್ಯವನ್ನೇ ಪುನಃ ಚಿತ್ರೀಕರಿಸಬೇಕಾಗಿತ್ತು. ಹಿನ್ನೆಲೆ ಗಾಯನವಿನ್ನೂ ಬಂದಿರದ ಕಾರಣ ನಟರೇ ಕ್ಯಾಮೆರಾದ ಮುಂದೆ ಹಾಡಬೇಕಿತ್ತು. ವಾದ್ಯಗಾರರೂ ಮೈಕ್ರೋಫೋನುಗಳೂ ಕ್ಯಾಮೆರಾದ ದೃಷ್ಟಿಗೆ ಬೀಳದಂತೆ ಮರೆಯಲ್ಲಿರಬೇಕಿತ್ತು. ಸ್ಟುಡಿಯೋಗೆ ಶಬ್ದನಿರೋಧಕ ವ್ಯವಸ್ಥೆ ಇರಲಿಲ್ಲ, ಪಕ್ಕದಲ್ಲಿಯೇ ರೈಲುಮಾರ್ಗ. ಆದುದರಿಂದ ರೈಲುಗಳ ಸಂಚಾರ ನಿಂತ ಮೇಲೆ, ರಾತ್ರಿ 1 ಗಂಟೆಯಿಂದ 4 ಗಂಟೆಯವರೆಗೆ, ಹೆಚ್ಚಿನ ಚಿತ್ರೀಕರಣ ನಡೆಯಿತು.

1931ರ ಮಾರ್ಚ್ 14ರಂದು ಮುಂಬಯಿಯ ಮೆಜೆಸ್ಟಿಕ್ ಚಿತ್ರಮಂದಿರದಲ್ಲಿ ಚಿತ್ರವು ಬಿಡುಗಡೆಯಾಯಿತು. ಜನಜಂಗುಳಿಯನ್ನು ನಿಯಂತ್ರಿಸಲು ಪೊಲೀಸರನ್ನು ಕರೆಸಬೇಕಾಯಿತು. ನಾಲ್ಕಾಣೆಯ ಟಿಕೆಟ್ ನಾಲ್ಕೈದು ರೂಪಾಯಿಗೆ ಮಾರಾಟವಾಯಿತು. ಇರಾನಿ ಅವರ ಸಹಾಯಕರಾಗಿದ್ದ ಎಚ್.ಎಂ. ರೆಡ್ಡಿ ಅವರು ಅದೇ ವರ್ಷ ಇಂಪೀರಿಯಲ್ ಕಂಪೆನಿಗಾಗಿ 'ಕಾಳಿದಾಸ್' ನಿರ್ದೇಶಿಸಿ, ತಮಿಳು ಮತ್ತು ತೆಲುಗು ಭಾಷೆಗಳನ್ನು ವಾಕ್ಚಿತ್ರಕ್ಕೆ ತಂದರು. ಕನ್ನಡದ ಪ್ರಥಮ ವಾಕ್ಚಿತ್ರ 'ಸತಿ ಸುಲೋಚನ' ತೆರೆ ಕಂಡದ್ದು 1934ರಲ್ಲಿ.

ಪರ್ಷಿಯನ್ ಭಾಷೆಯ ಮೊದಲ ವಾಕ್ಚಿತ್ರ 'ದುಖ್ತರ್-ಎ-ಲೋರ್' (1933) ಹಾಗೂ ಭಾರತದಲ್ಲಿಯೇ ಸಂಸ್ಕರಿಸಲಾದ ಮೊದಲ ವರ್ಣಚಿತ್ರ 'ಕಿಸಾನ್ ಕನ್ಯಾ' (1937) ಕೂಡ ಇರಾನಿ ಅವರ ನಿರ್ಮಾಣಗಳೇ. ಅವರು 1969ರ ಅಕ್ಟೋಬರ್ 14ರಂದು ಮುಂಬಯಿಯಲ್ಲಿ ನಿಧನರಾದರು.

'ಆಲಂ ಆರಾ' ಚಿತ್ರದ ಯಾವುದೇ ಪ್ರತಿ ಇಂದು ಲಭ್ಯವಿಲ್ಲ. 2003ರಲ್ಲಿ ಪುಣೆಯಲ್ಲಿ ಸಂಭವಿಸಿದ ಬೆಂಕಿ ಅನಾಹುತದಲ್ಲಿ ಅದು ನಾಶವಾಯಿತೆಂಬ ಮಾತು ಪ್ರಚಲಿತವಾಗಿದೆಯಾದರೂ ಅದು ಸರಿಯಲ್ಲ. ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯವನ್ನು ಕಟ್ಟಿ ಬೆಳೆಸಿದ ಪಿ.ಕೆ. ನಾಯರ್ ಅವರು, ಚಿತ್ರದ ಪ್ರತಿಯು ಸಂಗ್ರಹಾಲಯಕ್ಕೆ ಎಂದೂ ಬಂದಿರಲಿಲ್ಲವೆಂದು ಸ್ಪಷ್ಟಪಡಿಸಿದ್ದರು. ಇರಾನಿ ಅವರು ನಿದ್ದೆಗೆಟ್ಟು ಮುದ್ರಿಸಿದ ಆ ಧ್ವನಿ ಉಳಿದಿಲ್ಲ. ಕೆಲವು ಸ್ಥಿರಚಿತ್ರಗಳೂ ಪ್ರಚಾರ ಸಾಮಗ್ರಿಯೂ ಮಾತ್ರ ಉಳಿದಿವೆ.