ಮೈಕೇಲ್ ಫ್ಯಾರಡೆಯ ಜೀವಿತ

ಪ್ರತಿ ವರ್ಷ ಶಾಲೆಯ ಬಾಗಿಲು ತೆರೆಯುವ ಕಾಲದಲ್ಲಿ ಕೆಲವರು ತಾಯಿತಂದೆಗಳು ನಮ್ಮಲ್ಲಿಗೆ ಬಂದು, ಹೆಣ್ಣುಮಕ್ಕಳಿಗೆ ವಿಜ್ಞಾನದ ಪಾಠವು ಇಷ್ಟೊಂದು ಏತಕ್ಕೆ, ಪರೀಕ್ಷೆಯಲ್ಲಿ ತೇರ್ಗಡೆಯಾಗುವಷ್ಟಿದ್ದರೆ ಸಾಲದೇ ಎಂದು ವಿನಯದಿಂದಲೇ ಕೇಳುವುದುಂಟು. ಈ ಪ್ರಶ್ನೆಗೆ ವಾದದಿಂದ ಉತ್ತರ ಕೊಡುವುದಕ್ಕಿಂತ ಒಬ್ಬ ಮಹಾಪುರುಷನ ಜೀವಿತವನ್ನು ನಿವೇದಿಸುವುದೇ ಲೇಸೆಂದು ನಮಗೆ ತೋರಿದೆ. ಮೈಕೇಲ್ ಫ್ಯಾರಡೆಯು ವಿದ್ಯುಚ್ಛಕ್ತಿಯ ಮರ್ಮವನ್ನು ಕಂಡುಹಿಡಿದವನೆಂದು ನಮ್ಮ ಹಳೆಯ ವಿದ್ಯಾರ್ಥಿನಿಯರೆಲ್ಲರೂ ಪಾಠಪುಸ್ತಕದಲ್ಲಿ ಓದಿದ್ದಾರೆ. ತಾನು ಕಂಡುದನ್ನು ಸಾಮಾನ್ಯ ಜನರಿಗೂ ಎಳೆಯ ಮಕ್ಕಳಿಗೂ ತಿಳಿಯಹೇಳುವುದಕ್ಕೆ ಆತನು ಎಷ್ಟು ಶ್ರಮಪಟ್ಟನೆಂಬುದು ಮಾತ್ರ ಅಷ್ಟಾಗಿ ಪ್ರಚಾರದಲ್ಲಿಲ್ಲ.

ಫ್ಯಾರಡೆಯು 1791ನೆಯ ಇಸವಿ ಸೆಪ್ಟೆಂಬರ್ 22ನೆಯ ತಾರೀಖಿನಲ್ಲಿ ಲಂಡನ್ ಪಟ್ಟಣದ ಬಳಿಯ ನ್ಯೂವಿಂಗ್‌ಟನ್ ಎಂಬಲ್ಲಿ ಹುಟ್ಟಿದನು. ತಂದೆಯು ಕಮ್ಮಾರನು, ದೇಹಾರೋಗ್ಯವಿಲ್ಲದುದರಿಂದ ದಿನವೂ ಕುಲುಮೆಯ ಮುಂದೆ ನಿಲ್ಲಲಾರದವನು. ಮಕ್ಕಳು ನಾಲ್ವರು. 1801ರಲ್ಲಿ ಧಾನ್ಯದ ಬೆಲೆ ವಿಪರೀತವಾಗಿ ಏರಿದಾಗ ಬಾಲಕನಿಗೆ ಒಂದು ವಾರಕ್ಕೆಂದು ಸಿಕ್ಕುತ್ತಿದ್ದುದು ಒಂದೇ ಒಂದು ರೊಟ್ಟಿ. ಓದು, ಬರಹ, ಲೆಕ್ಕ ಇವುಗಳ ಮೊದಲ ಪಾಠಗಳಿಗೇ ಆತನ ಶಾಲೆಯ ವಿದ್ಯೆಯು ಮುಗಿಯಿತು. ಹದಿಮೂರನೆಯ ವಯಸ್ಸಿನಲ್ಲಿ ರೀಬೋ ಎಂಬ ಪುಸ್ತಕವ್ಯಾಪಾರಿಯ ಅಂಗಡಿಯಲ್ಲಿ ವೃತ್ತಪತ್ರಿಕೆಗಳನ್ನು ಮನೆಮನೆಗೆ ಒಯ್ದು ಕೊಡುವ ಕೆಲಸಕ್ಕೆ ಸೇರಿ, ಮರುವರ್ಷದಿಂದ ಏಳು ವರ್ಷಗಳ ಕಾಲ ಅಲ್ಲಿಯೇ ಪುಸ್ತಕಗಳಿಗೆ ರಟ್ಟು ಕಟ್ಟುವ ಕಸುಬನ್ನು ಕಲಿತನು.

ರಟ್ಟು ಕಟ್ಟಲು ಬಂದ ಪುಸ್ತಕಗಳನ್ನು ಆ ಹುಡುಗನು ಓದತೊಡಗಿದನು. ಅವುಗಳಲ್ಲಿ ಒಂದು ಆತನ ಜೀವಿತದ ದಿಕ್ಕನ್ನೇ ತಿರುಗಿಸಿತು. ಅದು 1806ರಲ್ಲಿ ಪ್ರಕಟವಾದ, ರಸಾಯನಶಾಸ್ತ್ರವನ್ನು ಸಂಭಾಷಣೆಯ ರೂಪದಲ್ಲಿ ಹೇಳುವ ಗ್ರಂಥ. ಅದನ್ನು ಬರೆದವಳು ಜೇನ್ ಮಾರ್ಸೆಟ್ ಎಂಬ ಗೃಹಿಣಿ. ರಾಯಲ್ ಇನ್‌ಸ್ಟಿಟ್ಯೂಷನ್ ಎಂಬ ಲಂಡನ್ನಿನ ವಿದ್ಯಾಸಂಸ್ಥೆಯಲ್ಲಿ ಹಂಫ್ರಿ ಡೇವಿ ಎಂಬ ಪ್ರಖ್ಯಾತ ಶಾಸ್ತ್ರಜ್ಞನು ಮಾಡುತ್ತಿದ್ದ ಉಪನ್ಯಾಸಗಳನ್ನು ಕೇಳಿ ಬಂದ ಆಕೆಯು, ತನ್ನಂತೆ ಶಾಸ್ತ್ರವನ್ನರಿಯದ ಸ್ತ್ರೀಯರಿಗೂ ಅದು ತಿಳಿಯಬೇಕೆಂದು, ಒಬ್ಬ ಉಪಾಧ್ಯಾಯಿನಿಯೂ ಇಬ್ಬರು ಬಾಲಿಕೆಯರೂ ಮಾತನಾಡುವಂತೆ ಅದನ್ನು ರಚಿಸಿದಳು. ಮೊದಲು ತನ್ನ ಹೆಸರನ್ನು ಕೂಡ ಅದರ ಮೇಲೆ ಹಾಕಿಸಲಿಲ್ಲ. ಫ್ಯಾರಡೆಯು ತನ್ನಲ್ಲಿದ್ದ ಕೆಲವು ಕಾಸುಗಳಿಂದ ಸಾಮಾನು ಕೊಂಡು, ಆ ಗ್ರಂಥದಲ್ಲಿ ಹೇಳಿದ ಪ್ರಯೋಗಗಳನ್ನು ತಾನೇ ಮಾಡಿ ನೋಡಿ, ಅದರ ಮಾತು ನಿಜವೆಂದು ಕಂಡುಕೊಂಡನು. ಮುಂದೆ ಲೋಕಪ್ರಸಿದ್ಧನಾದ ಮೇಲೆಯೂ ಆಕೆಯನ್ನು ತನ್ನ ಮೊದಲ ಗುರುವೆಂದು ಗೌರವಿಸಿ, ತನ್ನ ಲೇಖನಗಳನ್ನು ಆಕೆಗೆ ಕಳುಹಿಸುತ್ತಿದ್ದನು. ಹೆಣ್ಣುಮಕ್ಕಳಿಗೆಂದು ಹೆಂಗಸೊಬ್ಬಳು ಬರೆದ ಪುಸ್ತಕವು ಆ ಶತಮಾನದ ಶ್ರೇಷ್ಠ ಶಾಸ್ತ್ರಜ್ಞನನ್ನು ಎಬ್ಬಿಸಿತೆಂಬುದನ್ನು ನಾವು ಮರೆಯತಕ್ಕದ್ದಲ್ಲ.

ಒಂದೊಂದು ಶಿಲ್ಲಿಂಗ್ ತೆತ್ತು ಕೇಳಬೇಕಾಗಿದ್ದ ಟೇಟಮ್ ಎಂಬಾತನ ಉಪನ್ಯಾಸಗಳಿಗೆ ಕಮ್ಮಾರ ವೃತ್ತಿಯ ಅಣ್ಣನು ಹಣ ಕೊಟ್ಟನು. 1812ರಲ್ಲಿ ಅಂಗಡಿಯ ಗಿರಾಕಿಯೊಬ್ಬನು ಡೇವಿಯ ನಾಲ್ಕು ಉಪನ್ಯಾಸಗಳಿಗೆ ಪ್ರವೇಶಪತ್ರಗಳನ್ನು ಕೊಡಿಸಿದನು. ಯುವಕನು ಕೇಳಿದುದೆಲ್ಲವನ್ನೂ ಬರೆದು, ಚಿತ್ರಗಳನ್ನು ಸೇರಿಸಿ, ತನ್ನ ಕೈಯಿಂದಲೇ ರಟ್ಟು ಕಟ್ಟಿ ಡೇವಿಗೆ ಕಳುಹಿಸಿದನು. 1813ನೆಯ ಮಾರ್ಚ್ ತಿಂಗಳಲ್ಲಿ ಅದೇ ಸಂಸ್ಥೆಯ ಪ್ರಯೋಗಶಾಲೆಯಲ್ಲಿ ವಾರಕ್ಕೆ 25 ಶಿಲ್ಲಿಂಗ್ ಸಂಬಳದ ಸಹಾಯಕನ ಕೆಲಸವು ದೊರೆಯಿತು. ಅಲ್ಲಿಂದ ಮುಂದೆ ಆ ಸಂಸ್ಥೆಯೇ ಆತನ ಮನೆಯಾಯಿತು.

ಆತನ ಸಂಶೋಧನೆಗಳನ್ನೆಲ್ಲ ಇಲ್ಲಿ ವಿವರಿಸಲು ಸ್ಥಳವಿಲ್ಲ. 1821ರಲ್ಲಿ ವಿದ್ಯುತ್ ಪ್ರವಾಹವುಳ್ಳ ತಂತಿಯು ಅಯಸ್ಕಾಂತದ ಸುತ್ತಲೂ ತಿರುಗುವಂತೆ ಮಾಡಿ ತೋರಿಸಿದನು. 1831ರಲ್ಲಿ, ತಂತಿಯ ಸುರುಳಿಯೊಳಗೆ ಅಯಸ್ಕಾಂತವನ್ನು ಚಲಿಸಿದರೆ ತಂತಿಯಲ್ಲಿ ವಿದ್ಯುತ್ತು ಹುಟ್ಟುವುದೆಂದು ಸ್ಥಾಪಿಸಿದನು. 1902ರಲ್ಲಿ ಶಿವನಸಮುದ್ರದ ಕಾವೇರಿಯ ನೀರು ಯಂತ್ರಗಳನ್ನು ತಿರುಗಿಸಿ ಕೋಲಾರದ ಚಿನ್ನದ ಗಣಿಗಳಿಗೆ ಶಕ್ತಿಯನ್ನು ಕಳುಹಿಸಿದುದೂ, 1905ರಲ್ಲಿ ಬೆಂಗಳೂರಿನ ಬೀದಿಗಳಲ್ಲಿ ದೀಪಗಳು ಬೆಳಗಿದುದೂ ಈ ತತ್ವದಿಂದಲೇ.

ಇಷ್ಟು ದೊಡ್ಡ ಶಾಸ್ತ್ರಜ್ಞನು ಪ್ರಯೋಗಶಾಲೆಯ ಕದವನ್ನು ಮುಚ್ಚಿಕೊಂಡು ಕುಳಿತಿರಬಹುದಾಗಿತ್ತು. ಆದರೆ ತನಗೆ ಜ್ಞಾನವು ಬಂದುದು ಒಬ್ಬ ಗೃಹಿಣಿಯ ಸುಲಭವಾದ ಮಾತಿನಿಂದ, ಅಣ್ಣನು ಕೊಟ್ಟ ಶಿಲ್ಲಿಂಗಿನಿಂದ, ಗಿರಾಕಿಯು ಕೊಡಿಸಿದ ಚೀಟಿಗಳಿಂದ. ಅದನ್ನು ಆತನು ಋಣವೆಂದೇ ಭಾವಿಸಿದಂತೆ ನಡೆದುಕೊಂಡನು. ಸಂಸ್ಥೆಯಲ್ಲಿ ಶುಕ್ರವಾರ ಸಂಜೆಯ ಉಪನ್ಯಾಸಗಳನ್ನು ಏರ್ಪಡಿಸಿದನು. ಅಲ್ಲಿ ಸ್ತ್ರೀಯರಿಗೂ ಪ್ರವೇಶವಿತ್ತು. ಕ್ರಿಸ್ಮಸ್ ಕಾಲದಲ್ಲಿ ಬಾಲಕ ಬಾಲಿಕೆಯರಿಗಾಗಿ ನಡೆಯುತ್ತಿದ್ದ ಉಪನ್ಯಾಸಮಾಲೆಗಳಲ್ಲಿ 1827ರಿಂದ 1860ರವರೆಗೆ ಹತ್ತೊಂಬತ್ತನ್ನು ತಾನೇ ನಡೆಸಿದನು. ಮಾತುಗಾರಿಕೆಯು ಆತನಿಗೆ ಹುಟ್ಟಿನಿಂದ ಬಂದುದಲ್ಲ. ಹಣ ಕೊಟ್ಟು ವಾಕ್‌ಶಿಕ್ಷಣ ಪಡೆದನು. ತಾನು ಅವಸರಪಟ್ಟು ಮಾತನಾಡಿದಾಗ ನಿಧಾನವಾಗಿರಲೆಂದು ಬರೆದ ಚೀಟಿಯನ್ನು ಎದುರಿಗಿಡುವಂತೆ ಸಹಾಯಕನಿಗೆ ಹೇಳಿಟ್ಟಿದ್ದನು.

ಇಲ್ಲಿ ನಮ್ಮದೊಂದು ತಪ್ಪನ್ನು ಒಪ್ಪಿಕೊಳ್ಳಬೇಕಾಗಿದೆ. ನಾವು ಉಪಾಧ್ಯಾಯಿನಿಯಾದ ಮೊದಲ ವರ್ಷಗಳಲ್ಲಿ ವಿಜ್ಞಾನದ ಪಾಠವೆಂದರೆ ಟಿಪ್ಪಣಿಯನ್ನು ಹೇಳಿ ಬರೆಯಿಸುವುದೆಂದೇ ತಿಳಿದಿದ್ದೆವು. ಒಂದು ದಿನ ಹಿಂದಿನ ಬೆಂಚಿನ ಹುಡುಗಿಯೊಬ್ಬಳು ಎದ್ದು, ದೀಪದಲ್ಲಿ ಬತ್ತಿಯ ತುದಿ ಮಾತ್ರ ಉರಿಯುವುದೇಕೆ, ಹಣತೆಯಲ್ಲಿಯ ಎಣ್ಣೆಗೆಲ್ಲ ಒಟ್ಟಿಗೆ ಬೆಂಕಿ ಹತ್ತುವುದಿಲ್ಲವೇಕೆ ಎಂದು ಕೇಳಿದಳು. ಅದು ಪಾಠದಲ್ಲಿಲ್ಲವೆಂದು ಹೇಳಿ ಆಕೆಯನ್ನು ಕುಳ್ಳಿರಿಸಿದೆವು. ನಮಗೂ ಉತ್ತರ ತಿಳಿದಿರಲಿಲ್ಲ. ಕೆಲವು ಕಾಲದ ಮೇಲೆ ಫ್ಯಾರಡೆಯು ಒಂದು ಮೇಣದಬತ್ತಿಯನ್ನೇ ಕುರಿತು 1860ನೆಯ ಡಿಸೆಂಬರಿನಿಂದ ಆರಂಭಿಸಿ ಮಕ್ಕಳಿಗೆ ಹೇಳಿದ ಆರು ಉಪನ್ಯಾಸಗಳ ಗ್ರಂಥವು ನಮ್ಮ ಕೈಗೆ ಬಂದಾಗ ನಮಗೆ ನಾಚಿಕೆಯಾಯಿತು. ಅದರಲ್ಲಿ ಆ ಹುಡುಗಿಯ ಪ್ರಶ್ನೆಗೆ ಉತ್ತರವಿತ್ತು.

ಕರಗಿದ ಮೇಣವು ಬತ್ತಿಯ ನೂಲುಗಳ ಸಂದಿನಲ್ಲಿ ಮೇಲಕ್ಕೇರಿ, ಜ್ವಾಲೆಯ ಕಾವಿನಿಂದ ಆವಿಯಾಗಿ, ಆ ಆವಿಯೇ ಉರಿಯುತ್ತದೆ. ಕೆಳಗಿರುವ ದ್ರವವು ಅಷ್ಟು ಕಾಯುವುದಿಲ್ಲ. ಬತ್ತಿಯನ್ನು ಆರಿಸಿದೊಡನೆ ಮೇಲೇಳುವ ಹೊಗೆಗೆ ಕಡ್ಡಿಯನ್ನು ಗೀರಿ ಹಿಡಿದರೆ ಉರಿಯು ಹೊಗೆಯ ದಾರಿಯಲ್ಲಿ ಇಳಿದು ಬತ್ತಿಯನ್ನು ಮತ್ತೆ ಹೊತ್ತಿಸುವುದನ್ನು ಆತನು ಕಣ್ಣಿಗೆ ಕಾಣಿಸಿದನು. ಜ್ವಾಲೆಯ ಮೇಲೆ ತಣ್ಣನೆಯ ಪಾತ್ರೆಯನ್ನು ಹಿಡಿದು, ಉರಿಯಿಂದ ನೀರು ಹುಟ್ಟುವುದನ್ನು ತೋರಿಸಿದನು. ಉರಿಯಿಂದ ಬಂದ ಗಾಳಿಯೂ ನಮ್ಮ ಉಸಿರೂ ಸುಣ್ಣದ ತಿಳಿನೀರನ್ನು ಒಂದೇ ರೀತಿಯಲ್ಲಿ ಬೆಳ್ಳಗೆ ಮಾಡುವುದನ್ನು ತೋರಿಸಿ, ಮನುಷ್ಯನ ದೇಹದಲ್ಲಿಯೂ ಆಹಾರವು ಮೆಲ್ಲಗೆ ಉರಿಯುವ ದೀಪದಂತಿದೆಯೆಂದು ಮಕ್ಕಳಿಗೆ ಮನಗಾಣಿಸಿದನು. ಮನೆಯಲ್ಲಿರುವ ವಸ್ತುವಿನಿಂದ ಹೊರಟು ಸೃಷ್ಟಿಯ ನಿಯಮದವರೆಗೂ ಕರೆದೊಯ್ಯುವುದೇ ಆತನ ರೀತಿಯಾಗಿತ್ತು.

ಆದರೆ ಜನರಿಗೆ ವಿಜ್ಞಾನವನ್ನು ಹೇಳುವುದು ವಿನೋದಕ್ಕೆ ಮಾತ್ರವಲ್ಲ. 1853ರಲ್ಲಿ ಇಂಗ್ಲೆಂಡಿನ ಮನೆಗಳಲ್ಲಿ ಮೇಜು ತಿರುಗಿಸುವ ಒಂದು ಹುಚ್ಚು ಹರಡಿತು. ಹಲವರು ಮೇಜಿನ ಮೇಲೆ ಕೈಯಿಟ್ಟು ಕುಳಿತರೆ ಅದು ತಾನಾಗಿಯೇ ಚಲಿಸುವುದೆಂದೂ, ಪ್ರೇತಗಳೋ ಹೊಸದೊಂದು ಶಕ್ತಿಯೋ ಅದಕ್ಕೆ ಕಾರಣವೆಂದೂ ವಿದ್ಯಾವಂತರೇ ನಂಬಿದರು. ಫ್ಯಾರಡೆಯು ಅವರನ್ನು ಹಾಸ್ಯಮಾಡದೆ, ಕೈಗಳಿಗೂ ಮೇಜಿಗೂ ನಡುವೆ ಮೆತ್ತನೆಯ ಅಂಟು ಹಚ್ಚಿದ ರಟ್ಟಿನ ಪದರಗಳನ್ನಿಟ್ಟು, ಯಾವುದು ಮೊದಲು ಜರುಗುವುದೆಂದು ಪರೀಕ್ಷಿಸಿದನು. ಮೊದಲು ಜರುಗಿದುದು ಕೈ, ಆಮೇಲೆ ಮೇಜು. ಕೈಯ ಚಲನೆಯನ್ನು ತೋರಿಸುವ ಕಡ್ಡಿಯನ್ನು ಕುಳಿತವರ ಕಣ್ಣೆದುರಿಗಿಟ್ಟಾಗ ಮೇಜು ನಿಂತೇಹೋಯಿತು. ಅವರು ಮೋಸಗಾರರಲ್ಲ, ತಮಗರಿವಿಲ್ಲದೆ ತಾವೇ ಮೇಜನ್ನು ನೂಕುತ್ತಿದ್ದರು. ಈ ಫಲವನ್ನು ಆತನು ವೃತ್ತಪತ್ರಿಕೆಯಲ್ಲಿಯೇ ಪ್ರಕಟಿಸಿದನು. ಹಲವರು ಕೋಪಗೊಂಡರು. ಮರುವರ್ಷ ರಾಣಿಯ ಪತಿಯ ಸಮ್ಮುಖದಲ್ಲಿ ಉಪನ್ಯಾಸ ಮಾಡಿ, ನಾವು ಬಯಸಿದುದನ್ನೇ ನಿಜವೆಂದು ನಂಬುವ ಚಾಪಲ್ಯವನ್ನು ತಡೆದು, ಮನಸ್ಸನ್ನು ತೂಗಿ ನೋಡಲು ಕಲಿಸದ ವಿದ್ಯೆಯು ಅಪೂರ್ಣವೆಂಬ ಅಭಿಪ್ರಾಯವನ್ನು ವಿಸ್ತರಿಸಿದನು.

1855ನೆಯ ಜುಲೈ ತಿಂಗಳಲ್ಲಿ ಥೇಮ್ಸ್ ನದಿಯ ಮೇಲೆ ಹಡಗಿನಲ್ಲಿ ಹೋಗುತ್ತ, ನೀರಿನ ಹೊಲಸನ್ನು ಕಂಡು, ಬಿಳಿಯ ಕಾಗದದ ಚೂರುಗಳನ್ನು ನೆನೆಸಿ ಅದರಲ್ಲಿ ಬಿಟ್ಟನು. ಒಂದು ಅಂಗುಲ ಮುಳುಗುವ ಮೊದಲೇ ಅವು ಕಾಣದಾದವು. ಇದನ್ನೂ ಪತ್ರಿಕೆಗೆ ಬರೆದು ಅಧಿಕಾರಿಗಳನ್ನು ಎಚ್ಚರಿಸಿದನು. ಕೂಡಲೆ ಕಾರ್ಯವಾಗಲಿಲ್ಲ. 1858ರ ಬೇಸಗೆಯಲ್ಲಿ ದುರ್ಗಂಧವು ಪಾರ್ಲಿಮೆಂಟಿನೊಳಗೇ ನುಗ್ಗಿದ ಮೇಲೆ ಚರಂಡಿಗಳ ದೊಡ್ಡ ಕೆಲಸಕ್ಕೆ ಒಪ್ಪಿಗೆ ದೊರೆಯಿತು. ಆ ಪರೀಕ್ಷೆಗೆ ಬೇಕಾದುದು ನಾಲ್ಕು ಕಾಗದದ ಚೂರುಗಳು ಮಾತ್ರ. ಯಾವ ಗೃಹಿಣಿಯೂ ಅದನ್ನು ಮಾಡಿ ನೋಡಬಹುದಾಗಿತ್ತು.

ಫ್ಯಾರಡೆಯು ಚಿಕ್ಕದೊಂದು ಕ್ರೈಸ್ತ ಸಭೆಯ ನಿಷ್ಠಾವಂತ ಸದಸ್ಯನಾಗಿದ್ದು, ಪತ್ನಿಯಾದ ಸಾರಾಳೊಡನೆ ಸರಳವಾಗಿ ಬಾಳಿದನು. ಸರ್ ಎಂಬ ಬಿರುದನ್ನೂ ರಾಯಲ್ ಸೊಸೈಟಿಯ ಅಧ್ಯಕ್ಷ ಪದವಿಯನ್ನೂ ಒಲ್ಲೆನೆಂದನು. 1867ನೆಯ ಆಗಸ್ಟ್ 25ನೆಯ ತಾರೀಖಿನಲ್ಲಿ ಕುರ್ಚಿಯಲ್ಲಿ ಕುಳಿತಿದ್ದಂತೆಯೇ ಶಾಂತನಾಗಿ ಗತಿಸಿದನು. ಆತನ ಸಮಾಧಿಯು ಹೈಗೇಟಿನಲ್ಲಿದೆ.

ತಾಯಿತಂದೆಗಳ ಪ್ರಶ್ನೆಗೆ ಈಗ ನಮ್ಮ ಉತ್ತರವು ಚಿಕ್ಕದು. ನಿಮ್ಮ ಹುಡುಗಿಯರೆಲ್ಲರೂ ಶಾಸ್ತ್ರಜ್ಞೆಯರಾಗಲಾರರು. ಆದರೆ ಒಬ್ಬೊಬ್ಬಳೂ ನಾಳೆ ಒಂದು ಮನೆಯ ನೀರು, ಆಹಾರ, ಔಷಧಗಳನ್ನು ಕುರಿತು ತೀರ್ಮಾನಿಸಬೇಕಾದವಳು. ಕೈಯಲ್ಲಿಯ ಫೋನಿಗೆ ದಿನವೂ ಬಂದು ಬೀಳುವ ವದಂತಿಗಳಲ್ಲಿ ಯಾವುದು ಮೇಜು, ಯಾವುದು ಕೈ ಎಂದು ಪರೀಕ್ಷಿಸುವ ಅಭ್ಯಾಸವು ಆಕೆಗೆ ಬೇಡವೇ? ಹಳೆಯ ವಿದ್ಯಾರ್ಥಿನಿಯರಲ್ಲಿ ನಮ್ಮದೊಂದು ವಿಜ್ಞಾಪನೆಯುಂಟು. ಮಗುವು ದೀಪದ ಮುಂದೆ ನಿಂತು ಏಕೆಂದು ಕೇಳಿದಾಗ, ನಾವು ಒಮ್ಮೆ ಮಾಡಿದಂತೆ ಅದನ್ನು ಕುಳ್ಳಿರಿಸಬೇಡಿರಿ. ಉತ್ತರ ತಿಳಿಯದಿದ್ದರೆ ಅದರೊಡನೆ ಕೂಡಿ ಪರೀಕ್ಷಿಸಿ ನೋಡಿರಿ. ಹಿಂದಿನ ಬೆಂಚಿನ ಆ ಹುಡುಗಿಯು ಈ ಸಂಚಿಕೆಯನ್ನು ಓದುವುದಾದರೆ, ಆಕೆಯ ಪ್ರಶ್ನೆಗೆ ನಮ್ಮ ಉತ್ತರವು ಇಷ್ಟು ತಡವಾಗಿಯಾದರೂ ಸಂದಿತೆಂದು ಭಾವಿಸಲಿ.