ವಿಮಾನಶಿಲ್ಪಿ ಕುರ್ಟ್ ಟಾಂಕ್

1898ರ ಫೆಬ್ರವರಿ 24ರಂದು ಬ್ರೊಂಬರ್ಗಿನಲ್ಲಿ ಜನಿಸಿದ ಕುರ್ಟ್ ಟಾಂಕನು ವಿಮಾನಶಿಲ್ಪಿಯಾಗುವ ಮೊದಲು ರಾವುತನಾಗಿದ್ದನು. ಮೊದಲನೆಯ ಮಹಾಯುದ್ಧದಲ್ಲಿ ಹಾರುವ ಪಡೆಯನ್ನು ಸೇರುವ ಹಂಬಲ ಅವನದು; ತಂದೆ ಒಪ್ಪದೆ ಕುದುರೆಯ ದಳಕ್ಕೆ ಕಳುಹಿಸಿದನು. ಕೆಸರು, ಹಸಿವು, ಗಾಯಗಳನ್ನು ತಾಳಿ ಸವಾರನನ್ನು ಮರಳಿ ತರುವ ದಂಡಿನ ಕುದುರೆಯನ್ನು ಅವನು ಎಂದೂ ಮರೆಯಲಿಲ್ಲ.

ಬರ್ಲಿನ್ನಿನಲ್ಲಿ ಇಂಜಿನಿಯರಿಂಗ್ ಕಲಿತು, 1931ರಲ್ಲಿ ಫಾಕೆ-ವುಲ್ಫ್ ಕಂಪೆನಿಯನ್ನು ಸೇರಿದನು. ಅವನ 190ನೆಯ ಮಾದರಿಯ ಕಾಳಗದ ವಿಮಾನ ಮೊದಲು ಹಾರಿದುದು 1939ರ ಜೂನ್ 1ರಂದು. ಆಗಿನ ಯೂರೋಪಿನ ಹೆಸರಾಂತ ಕಾಳಗದ ವಿಮಾನಗಳ ಇಂಜಿನ್ ತಂಪಾಗುತ್ತಿದ್ದುದು ದ್ರವದಿಂದ. ಅದರ ಕೊಳವೆಗೆ ಒಂದು ಗುಂಡು ತಗುಲಿದರೂ ಇಂಜಿನ್ ಕಾದು ಕೆಡುತ್ತಿತ್ತು. ಟಾಂಕನು ಗಾಳಿಯಿಂದಲೇ ತಂಪಾಗುವ ಇಂಜಿನ್ನನ್ನು ಆರಿಸಿದನು. ಒರಟು ಬಯಲಿನಲ್ಲಿಯೂ ಇಳಿಯುವಂತೆ ಗಾಲಿಗಳನ್ನು ಅಗಲವಾಗಿ ಇರಿಸಿದನು.

ಆಕಾಶದ ಹೋರಾಟಕ್ಕೆಂದು ಹುಟ್ಟಿದ ಈ ವಿಮಾನವನ್ನು ಯುದ್ಧವೇ ನೆಲದ ಕಡೆಗೆ ತಿರುಗಿಸಿತು. ಎರಗಿ ಬಾಂಬು ಹಾಕುತ್ತಿದ್ದ ಸ್ಟುಕಾ ನಿಧಾನಗತಿಯದಾದುದರಿಂದ ಶತ್ರುವಿಮಾನಗಳಿಗೆ ಸುಲಭವಾಗಿ ಬಲಿಯಾಗತೊಡಗಿತ್ತು. ಅದರ ಸ್ಥಾನಕ್ಕೆ, ತಳಭಾಗಕ್ಕೆ ಉಕ್ಕಿನ ಕವಚ ತೊಡಿಸಿ ಬಾಂಬುಗಳನ್ನು ಹೊರಿಸಿದ 190ರ ‘ಎಫ್’ ಮಾದರಿಯು ಬಂದಿತು. 1943ರ ಕೂರ್ಸ್ಕ್ ಕದನದಲ್ಲಿ ನೆಲದ ಸೈನ್ಯದ ಮೇಲೆ ಎರಗಿದ ಜರ್ಮನ್ ವಿಮಾನಗಳಲ್ಲಿ ಅದೂ ಒಂದು. ಈ ಕೌಶಲವೆಲ್ಲ ಹಿಟ್ಲರನ ಸೇವೆಯಲ್ಲಿ ಸವೆಯಿತು. ಕಾರ್ಖಾನೆಗಳಲ್ಲಿ ಬಲಾತ್ಕಾರದಿಂದ ತಂದವರ ದುಡಿಮೆಯೂ ಸೇರಿತ್ತು. ಅದನ್ನು ಮರೆತು ಟಾಂಕನನ್ನು ಹೊಗಳಲಾಗದು.

ಸೋಲಿನ ತರುವಾಯ ಅವನು ಅರ್ಜೆಂಟೀನಾದಲ್ಲಿ ಕೆಲವು ವರ್ಷ ಕಳೆದು, 1956ರಲ್ಲಿ ಬೆಂಗಳೂರಿನ ಹಿಂದೂಸ್ತಾನ್ ವಿಮಾನ ಕಾರ್ಖಾನೆಗೆ ಬಂದನು. ಹೊರನಾಡಿನ ಆಯುಧಕುಶಲರ ನೆರವು ನಮಗೆ ಹೊಸತಲ್ಲ. 1520ರಲ್ಲಿ ಕೃಷ್ಣದೇವರಾಯನು ನಮ್ಮ ರಾಯಚೂರಿನ ಕೋಟೆಯನ್ನು ಮುತ್ತಿದಾಗ ಗೋಡೆಯ ಮೇಲಿನ ಕಾವಲುಗಾರರನ್ನು ಹೊಡೆದುರುಳಿಸಿದವರು ಪೋರ್ಚುಗೀಸ್ ಕೋವಿಕಾರರು. ಆದರೆ ಕೋವಿಕಾರನು ಹೊರಟರೆ ಕೋವಿಯೂ ಹೊರಟುಹೋಗುತ್ತದೆ. ಟಾಂಕನಿಂದ ಬೇಕಾಗಿದ್ದುದು ವಿದ್ಯೆ.

ಅವನೊಡನೆ ದುಡಿದು ಕಲಿತ ಭಾರತೀಯ ಇಂಜಿನಿಯರರ ಕೈಯಲ್ಲಿ ‘ಮಾರುತ್’ ರೂಪುಗೊಂಡಿತು. 1961ರ ಜೂನ್ 17ರಂದು ಸುರಂಜನ್ ದಾಸ್ ಅದನ್ನು ಮೊದಲು ಹಾರಿಸಿದರು. ಶಬ್ದದ ಇಮ್ಮಡಿ ವೇಗ ಅದರ ಗುರಿಯಾಗಿತ್ತು. ಒಡಲು ಅದಕ್ಕೆ ತಕ್ಕಂತಿತ್ತು, ಇಂಜಿನ್ ಮಾತ್ರ ದೊರೆಯಲಿಲ್ಲ. ಬೇಕಾಗಿದ್ದ ಬಲಶಾಲಿ ಆರ್ಫಿಯಸ್ ಇಂಜಿನ್ನನ್ನು ಬ್ರಿಟನ್ ಅರ್ಧಕ್ಕೆ ಕೈಬಿಟ್ಟಿತು. ಅದನ್ನು ಮುಗಿಸುವ ವೆಚ್ಚ ಹೊರಲು ನಮ್ಮ ಸರಕಾರ ಒಪ್ಪಲಿಲ್ಲ. ಇಷ್ಟು ದುಬಾರಿಯಾದ ಉಳಿತಾಯ ನಮ್ಮ ವಿಮಾನೋದ್ಯಮದಲ್ಲಿ ವಿರಳ. ದುರ್ಬಲ ಇಂಜಿನ್ನುಗಳಿಂದಲೇ 147 ವಿಮಾನಗಳು ಸಿದ್ಧವಾದುವು.

ಹೀಗೆ ಟಾಂಕನ ಈ ಕಾಳಗದ ವಿಮಾನವೂ ನೆಲದ ದಾಳಿಗೇ ಇಳಿಯಿತು. 1971ರ ಡಿಸೆಂಬರಿನಲ್ಲಿ ರಾಜಸ್ಥಾನದ ಮರಳುಗಾಡಿನ ಮೇಲೆ ತಗ್ಗಿನಲ್ಲಿ ಹಾರುತ್ತ ಅದು ಶತ್ರುವಿನ ಟ್ಯಾಂಕು, ರೈಲು, ನೆಲೆಗಳನ್ನು ಹೊಡೆಯಿತು. ಗುಂಡೇಟಿಗೆ ಒಂದು ಇಂಜಿನ್ ಕೆಟ್ಟರೂ ಇನ್ನೊಂದರ ಬಲದಿಂದ ಚಾಲಕನನ್ನು ಮನೆಗೆ ತಂದ ಮಾರುತ್‌ಗಳುಂಟು.

ಆ ವೇಳೆಗೆ ಅವನು ಭಾರತವನ್ನು ಬಿಟ್ಟು ನಾಲ್ಕು ವರ್ಷಗಳಾಗಿದ್ದುವು. 1983ರ ಜೂನ್ 5ರಂದು ಮ್ಯೂನಿಕ್ಕಿನಲ್ಲಿ ಅವನು ತೀರಿಕೊಂಡಾಗ ಮಾರುತ್ ಇನ್ನೂ ನಮ್ಮ ವಾಯುಪಡೆಯಲ್ಲಿ ಹಾರುತ್ತಿತ್ತು.