ಚೆರ್ನಿ ಮೇಷ್ಟ್ರು

ಮಕ್ಕಳೇ, ನಿಮ್ಮಲ್ಲಿ ಪಿಯಾನೊ ಕಲಿಯುವವರ ಚೀಲದಲ್ಲಿ ಚೆರ್ನಿ ಎಂದು ಬರೆದ ಪುಸ್ತಕ ಒಂದಾದರೂ ಇರುತ್ತದೆ. ಯುಗಾದಿ ಊಟದ ಸಾಲಿನಲ್ಲಿ ನಿಮ್ಮಲ್ಲೊಬ್ಬ "ಆಂಟಿ, ಚೆರ್ನಿ ತುಂಬಾ ಬೋರು" ಅಂದ. ಚೆರ್ನಿ ಅಂದರೆ ಯಾರು ಅಂತ ಕೇಳಿದೆ. ಅವನಿಗೂ ಗೊತ್ತಿರಲಿಲ್ಲ, ಪಕ್ಕದಲ್ಲಿದ್ದ ಅವರಮ್ಮನಿಗೂ ಗೊತ್ತಿರಲಿಲ್ಲ. ಅದಕ್ಕೇ ಬರೆಯುತ್ತಿದ್ದೇನೆ.

ಕಾರ್ಲ್ ಚೆರ್ನಿ 1791ರಲ್ಲಿ ವಿಯೆನ್ನಾದಲ್ಲಿ ಹುಟ್ಟಿದ. ಊರಿನ ಮಾತು ಜರ್ಮನ್, ಮನೆಮಾತು ಚೆಕ್. ಹಿರಿಯರು ಬೊಹೀಮಿಯಾದ ಕಡೆಯವರು, ತಾತ ಅಲ್ಲಿನ ನಿಂಬುರ್ಕ್ ಊರಿನ ಪಿಟೀಲುಗಾರರು. ಮನೆಯೊಳಗೆ ಒಂದು ಭಾಷೆ, ಹೊಸಿಲು ದಾಟಿದರೆ ಇನ್ನೊಂದು. ನಿಮಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ. ಅವನ ಬಾಯಲ್ಲಿ ಮೊದಲು ಬಂದದ್ದು ಚೆಕ್. ಅಪ್ಪ ವೆನ್ಸೆಲ್ ಪಿಯಾನೊ ಹೇಳಿಕೊಡುತ್ತಿದ್ದರು, ಕೆಟ್ಟ ಪಿಯಾನೊ ರಿಪೇರಿಯನ್ನೂ ಮಾಡುತ್ತಿದ್ದರು. ಮಗನಿಗೆ ಅವರೇ ಮೊದಲ ಗುರು. ಮೂರು ವರ್ಷಕ್ಕೆ ಹುಡುಗ ನುಡಿಸತೊಡಗಿದ, ಏಳಕ್ಕೆ ತಾನೇ ರಚಿಸತೊಡಗಿದ.

ಹತ್ತರ ಆಸುಪಾಸಿನಲ್ಲಿ, ಒಂದು ಚಳಿಗಾಲದ ದಿನ, ಅವನನ್ನು ಸಂಗೀತ ರಚನಕಾರ ಬೀಥೋವನ್ ಮನೆಗೆ ಕರೆದುಕೊಂಡು ಹೋದರು. ಈ ಭಾಗ ನನಗೆ ಬಲು ಇಷ್ಟ. ಮಹಡಿಯ ಮೇಲೆ ಮಹಡಿ ಹತ್ತಿ ಹೋದರೆ ಕೋಣೆಯ ತುಂಬ ಕಾಗದ, ಬಟ್ಟೆ ಎಲ್ಲ ಚೆಲ್ಲಾಪಿಲ್ಲಿ. ನಡುವೆ ಬಾಚದ ಕಪ್ಪು ಕೂದಲಿನ, ಒರಟು ಬೂದು ಉಡುಪಿನ ಮನುಷ್ಯ. ಹುಡುಗನಿಗೆ ಪುಸ್ತಕದಲ್ಲಿ ನೋಡಿದ್ದ ರಾಬಿನ್ಸನ್ ಕ್ರೂಸೋ ನೆನಪಾದನಂತೆ. ಕಿವಿಯಲ್ಲಿ ಹತ್ತಿ ಇಟ್ಟುಕೊಂಡಿದ್ದನ್ನೂ ಅವನು ಗಮನಿಸಿದ. ಮುಂದೆ ದೊಡ್ಡವನಾದಾಗ ಇದನ್ನೆಲ್ಲ ಬರೆದಿಟ್ಟ. ಆ ದಿನ ಹುಡುಗ ಮೊದಲು ಮೊಜಾರ್ಟ್ ನುಡಿಸಿದ, ಆಮೇಲೆ ಬೀಥೋವನ್‌ನ ಪಥೆಟಿಕ್ ಸೊನಾಟಾ. ಕೊನೆಗೆ ಅಪ್ಪ ಬೀಥೋವನ್‌ನದೇ ಒಂದು ಹಾಡು ಹಾಡಿದರು, ಮಗ ಪಿಯಾನೊ ಸಾಥ್ ಕೊಟ್ಟ. ಬೀಥೋವನ್ ಕಲಿಸಲು ಒಪ್ಪಿಬಿಟ್ಟರು.

ಪಾಠ ಶುರುವಾದದ್ದು ಯಾವುದರಿಂದ ಗೊತ್ತೇ? ಬರೀ ಸ್ವರಶ್ರೇಣಿಗಳಿಂದ. ಕೈ ಹೇಗಿಡಬೇಕು, ಬೆರಳು ಹೇಗೆ ಬಾಗಬೇಕು, ಎಲ್ಲಕ್ಕಿಂತ ಹೆಚ್ಚಾಗಿ ಹೆಬ್ಬೆರಳನ್ನು ಹೇಗೆ ಬಳಸಬೇಕು. ಹೆಬ್ಬೆರಳು ಗಿಡ್ಡ, ಉಳಿದವುಗಳಿಂದ ದೂರ. ಆದರೆ ಅದು ಮೆಲ್ಲಗೆ ಬೆರಳುಗಳ ಅಡಿಯಿಂದ ನುಸುಳಿ ಮುಂದಿನ ಸ್ವರ ಹಿಡಿದರೆ, ಐದೇ ಬೆರಳಿನ ಕೈ ಇಡೀ ಪಿಯಾನೊ ಉದ್ದಕ್ಕೂ ಎಲ್ಲೂ ತುಂಡಾಗದ ಹಾಗೆ ಓಡುತ್ತದೆ. ಇವತ್ತು ನಿಮ್ಮ ಟೀಚರ್ ಕೂಡ "ಹೆಬ್ಬೆರಳು ಒಳಗೆ" ಅನ್ನುತ್ತಾರಲ್ಲ, ಅದೇ ಪಾಠ.

ಒಮ್ಮೆ, 1816ರಲ್ಲಿ, ಚೆರ್ನಿ ಕಛೇರಿಯಲ್ಲಿ ಬೀಥೋವನ್ ರಚನೆಗೆ ತನ್ನದೇ ಒಂದಿಷ್ಟು ಕಸರತ್ತು ಸೇರಿಸಿ ನುಡಿಸಿದರು. ಗುರು ಎಲ್ಲರೆದುರೇ ಬೈದರು. ಮರುದಿನ ಅದೇ ಗುರು ಕಾಗದ ಬರೆದು ನೊಂದುಕೊಂಡರು, ಆದರೆ ಬರೆದಂತೆಯೇ ಕೇಳಬೇಕೆಂಬ ತಮ್ಮ ಆಸೆಯನ್ನೂ ಬಿಡದೆ ತಿಳಿಸಿದರು. ತಮ್ಮ ಸಹೋದರನ ಮಗ ಕಾರ್ಲ್‌ಗೆ ಪಿಯಾನೊ ಕಲಿಸಲು ಆರಿಸಿಕೊಂಡದ್ದೂ ಇದೇ ಶಿಷ್ಯನನ್ನು.

ಹದಿಹರೆಯದಲ್ಲೇ ಮೇಷ್ಟ್ರಾದ ಚೆರ್ನಿ ದಿನಕ್ಕೆ ಹತ್ತು ಹನ್ನೆರಡು ಪಾಠ ಹೇಳಿ, ರಾತ್ರಿ ಬರೆಯಲು ಕೂರುತ್ತಿದ್ದರು. ಅವರ ಕೃತಿಗಳ ಓಪಸ್ ಸಂಖ್ಯೆ 861ಕ್ಕೆ ಮುಟ್ಟಿತು! 1819ರಲ್ಲಿ ಒಬ್ಬ ತಂದೆ ಬಿಳಿಚಿಕೊಂಡ ಪುಟ್ಟ ಮಗನನ್ನು ಕರೆತಂದ. ಹುಡುಗ ನುಡಿಸುವಾಗ ಕುರ್ಚಿಯಿಂದ ಬಿದ್ದೇ ಬಿಡುವಷ್ಟು ತೂಗಾಡುತ್ತಿದ್ದ. ಅವನೇ ಫ್ರಾಂಜ್ ಲಿಸ್ಟ್. ಚೆರ್ನಿ ಅವನಿಗೆ ಫೀಸಿಲ್ಲದೆ ಕಲಿಸಿದರು, ಮೊದಲು ತಾಳ ಮತ್ತು ಬೆರಳು ತಿದ್ದಿದರು. ಜಗತ್ತನ್ನೇ ಬೆರಗುಗೊಳಿಸಿದ ಲಿಸ್ಟ್ 1852ರಲ್ಲಿ ತಮ್ಮ ಅತಿ ಕಠಿಣ ಅಭ್ಯಾಸ ರಚನೆಗಳಾದ ಎಟ್ಯೂಡ್‌ಗಳನ್ನು ಗುರುವಿಗೇ ಅರ್ಪಿಸಿದರು. ಲೆಶೆಟಿಟ್ಸ್‌ಕಿ ಎಂಬ ಇನ್ನೊಬ್ಬ ಶಿಷ್ಯರ ಕೈಕೆಳಗೆ ಪಾಡೆರೆವ್‌ಸ್ಕಿ, ಶ್ನಾಬೆಲ್ ಎಂಬ ಪಿಯಾನೊ ವಾದಕರು ತಯಾರಾದರು.

ಮೈಸೂರಿನಲ್ಲಿ ನನ್ನ ವೀಣೆ ಮೇಡಂ ಸರಳೆ ವರಸೆ ಮೂರನೇ ಕಾಲದಲ್ಲಿ ನಿಲ್ಲುವ ತನಕ ಗೀತೆಯ ಹೆಸರೇ ಎತ್ತುತ್ತಿರಲಿಲ್ಲ. ಪುರಂದರದಾಸರು ಹಾಕಿಕೊಟ್ಟರೆಂದು ನಾವು ಹೇಳಿಕೊಂಡು ಬಂದಿರುವ ಸರಳೆ, ಜಂಟಿ, ಅಲಂಕಾರದ ಮೆಟ್ಟಿಲುಗಳಿಗೂ ಚೆರ್ನಿಯ ಅಭ್ಯಾಸ ಪುಸ್ತಕಗಳಿಗೂ ಮನಸ್ಸು ಒಂದೇ. ಅಪ್ಪ ಅಮ್ಮಂದಿರೇ, ಗ್ರೇಡ್ ಪರೀಕ್ಷೆ ಹತ್ತಿರ ಬಂತೆಂದು ಮೊದಲು ಕೈಬಿಡುವುದು ಈ ಪಾಠಗಳನ್ನೇ. ಶಾಲೆಯ ಕೆಲಸ ಹೆಚ್ಚಾಯಿತೆಂದು ಮೊದಲು ಕೈಬಿಡುವುದು ಶನಿವಾರದ ಕನ್ನಡ ತರಗತಿಯನ್ನೇ. ಎರಡೂ ವಿಷಯ ಮನೆಯಲ್ಲಿ ಕೂತು ಮಾತಾಡಿ. ಚೆರ್ನಿಯ ತಂದೆಗೂ ಹೊಟ್ಟೆಪಾಡಿನ ದುಡಿಮೆ ಬೇಕಾದಷ್ಟಿತ್ತು, ಆದರೂ ಮಗನ ಪಕ್ಕ ತಾವೇ ಕೂರುತ್ತಿದ್ದರು.

ಚೆರ್ನಿ ಮದುವೆಯಾಗಲಿಲ್ಲ, ಅಪ್ಪ ಅಮ್ಮ ಇರುವ ತನಕ ಅವರ ಜೊತೆಯಲ್ಲೇ ಬಾಳಿದರು. 1857ರಲ್ಲಿ ತೀರಿಕೊಂಡಾಗ ಆಸ್ತಿಯಲ್ಲಿ ಒಂದು ಪಾಲು ಕಿವುಡರ ಸಂಸ್ಥೆಗೆ ಹೋಯಿತು. ಮುಂದೆ ಕಿವುಡರಾದ ಬೀಥೋವನ್ ಕಿವಿಯ ಹತ್ತಿ ನೋಡಿದ್ದ ಹುಡುಗ ಅಲ್ಲವೇ.

ಮಕ್ಕಳೇ, ದೀಪಾವಳಿ ಕಾರ್ಯಕ್ರಮದಲ್ಲಿ ಚೆರ್ನಿಯ ಓಪಸ್ 599ರಿಂದ ಯಾವುದಾದರೂ ಪುಟ್ಟ ಪಾಠ ನುಡಿಸುವವರು ನನಗೆ ಹೆಸರು ಕೊಡಿ. ನುಡಿಸುವ ಮುಂಚೆ ಮೇಷ್ಟ್ರ ಬಗ್ಗೆ ನಾಲ್ಕು ಮಾತು ಕನ್ನಡದಲ್ಲಿ ನೀವೇ ಹೇಳಬೇಕು.